ಕುಬಸದ ಗೂಬೆ

ಹಬ್ಬಕ್ಕೆ ಕರೆಸಿಕೊಂಡ ಅಳಿಯ ಹೋಳಿಗೆ ತಿಂದು, ಎಲೆ ಅಡಿಕೆ ಹಾಕಿಕೊಂಡು, ಮಂಚದ ಮೇಲೆ ಬಿದ್ದುಕೊಂಡರೆ ಊರಿಗೆ ಯಾವ ತೊಂದರೆಯೂ ಇಲ್ಲ. ಎದ್ದು ಬಜಾರಿಗೆ ಬಂದನೋ, ತೊಂದರೆ ಶುರುವಾಯಿತೆಂದೇ ತಿಳಿಯಿರಿ. ಗುರುಬಾಯಿಯ ಅಳಿಯ ಅಮರನಾಥ ಎದ್ದು ಬಂದ.

ಆಳಂದದ ಬಸ್ ಸ್ಟ್ಯಾಂಡಿನ ಹಿಂದಿನ ಓಣಿಯಲ್ಲಿರುವ ಅಂಗಡಿಗಳ ಸಾಲು ಗುರುಬಾಯಿಯ ಮನೆತನದ್ದು. ಅದರಲ್ಲಿ ಒಂದು ನನ್ನದು. ದಾರ, ಗುಂಡಿ, ಲೇಸು, ಹುಕ್ಕು ಮಾರುತ್ತೇನೆ. ದತ್ತಪ್ಪನ ಅಂಗಡಿ ಎಂದರೆ ಯಾರಾದರೂ ತೋರಿಸುತ್ತಾರೆ. ತೋರಿಸುವಾಗ ಮುದುಕನ ಬಾಯಿ ಜೋರು ಎಂದೂ ಸೇರಿಸುತ್ತಾರೆ. ಸೇರಿಸಲಿ ಬಿಡಿ, ಸುಳ್ಳೇನೂ ಅಲ್ಲ. ನನ್ನ ಪಕ್ಕದ ಅಂಗಡಿ ಗುಲನಾಜಳದು. ಟೇಲರ್ ರಸೂಲನ ಮಗಳು. ಅಪ್ಪ ಕಾಲಿನಿಂದ ತುಳಿದು ಹೊಲಿದ, ಮಗಳು ಕಂಪ್ಯೂಟರಿನಿಂದ ಹೊಲಿಯುತ್ತಾಳೆ. ಪರದೆಯ ಮೇಲೆ ಚಿತ್ರ ಆರಿಸಿ, ಅದನ್ನು ಪೆನ್ ಡ್ರೈವಿಗೆ ಹಾಕಿ, ಎಂಬ್ರಾಯ್ಡರಿ ಮಷೀನಿಗೆ ಚುಚ್ಚಿದರೆ ಸೂಜಿ ತಾನೇ ಓಡಾಡಿ ನವಿಲು ಬಿಡಿಸುತ್ತದೆ.

ಅವಳ ಕಂಪ್ಯೂಟರಿನಲ್ಲಿ ಎರಡು ಸಾಫ್ಟ್‌ವೇರ್ ಇದ್ದವು. ಎರಡೂ ಸೋಲಾಪುರದ ಒಂದೇ ಕಡೆಯಿಂದ ತಂದದ್ದು. ಹಳೆಯದು ಶಾಲೆಯ ಯೂನಿಫಾರ್ಮುಗಳಿಗೆ ಬ್ಯಾಡ್ಜ್ ಹೊಲಿಯುವುದಕ್ಕೆ. ಹೊಸದು ಕುಪ್ಪಸ, ಸೆರಗು, ದರ್ಗಾಕ್ಕೆ ಹೊದಿಸುವ ಗಿಲಾಫು, ಇಂಥ ನಾಜೂಕು ಕೆಲಸಕ್ಕೆ. ಹುಡುಗಿಯ ಅನ್ನ ಇರುವುದು ಆ ಹೊಸದರಲ್ಲಿ.

ಇನ್ನು ಅಮರನಾಥ. ಜೇವರ್ಗಿಯಲ್ಲಿ ಅವನದೊಂದು ಕಂಪ್ಯೂಟರ್ ಸೆಂಟರ್. ಬೇರೆ ಗಂಡಸರು ಕೀಲಿ ಗೊಂಚಲು ತಿರುಗಿಸಿದ ಹಾಗೆ ಅವನು ಪೆನ್ ಡ್ರೈವಿನ ಗೊಂಚಲು ಬೆರಳಿಗೆ ಸಿಕ್ಕಿಸಿ ತಿರುಗಿಸುತ್ತಾನೆ. ಮೊಬೈಲ್ ಬಿಸಿಯಾದರೂ ಅದಕ್ಕೊಂದು ಭಾಷಣ, ಟಿವಿ ರಿಮೋಟಿನ ಸೆಲ್ ಹೋದರೂ ಇನ್ನೊಂದು. ಅವನ ಮಾತಿಗೆ ಎದುರಾಡುವವರು ಯಾರು? ದೀಪಾವಳಿಗೆ ಬಂದ ಅಳಿಯನಿಗೆ ಎಣ್ಣೆ ಹಚ್ಚಿ ನೀರು ಹಾಕಬೇಕು, ಹೊಸ ಬಟ್ಟೆ ಕೊಡಬೇಕು, ಅವನು ಹಗಲನ್ನು ರಾತ್ರಿ ಎಂದರೆ ದೀಪ ಹಚ್ಚಬೇಕು. ನಮ್ಮ ಕಡೆ ಅದು ರೀತಿ. ಅಳಿಯ ತಪ್ಪು ಎಂದು ಮಾವನ ಮನೆಯಲ್ಲಿ ಬಾಯಿ ಬಿಟ್ಟರೆ ಮಗಳ ಬಾಳಿಗೆ ಕುತ್ತು ತಂದ ಹಾಗೆ. ಹೀಗಾಗಿ ಹಬ್ಬದಲ್ಲಿ ಅಳಿಯಂದಿರು ತಪ್ಪು ಮಾಡುವುದೇ ಇಲ್ಲ.

ಅಮಾವಾಸ್ಯೆಗೆ ನಾವೆಲ್ಲ ಅಂಗಡಿ ತೊಳೆದು ಸುಣ್ಣ ಹಚ್ಚುತ್ತಿದ್ದೆವು. ಅಮರನಾಥ ಗೊಂಚಲು ತಿರುಗಿಸುತ್ತ ಗುಲನಾಜಳ ಬಾಗಿಲಿಗೆ ಬಂದು ನಿಂತ.

“ಗ್ವಾಡಿ ತೊಳಿತೀರಿ, ಕಟ್ಟಿ ತೊಳಿತೀರಿ. ಕಂಪ್ಯೂಟರ್ ಯಾಕ್ ತೊಳಿಯಂಗಿಲ್ಲ?”

“ನೀರ್ ಹಾಕಿದ್ರ ಸುಟ್ಟು ಹೋಗ್ತದಲ್ರೀ ಸರ್?” ಎಂದಳು ಗುಲನಾಜ.

“ಏ ಹುಚ್ಚಿ, ಒಳಗಿಂದು ಅನ್ನಾಕತ್ತೇನಿ. ಕಸ ಎಷ್ಟು ತುಂಬಿರ್ತದ ಗೊತ್ತೇನ್ ನಿನಗ? ಏಳು, ನಾ ಮಾಡಿ ಕೊಡ್ತೇನಿ.”

ಅವಳು ನನ್ನ ಮುಖ ನೋಡಿದಳು. ಬೇಡ ಎನ್ನಲು ಬರುವಂತಿರಲಿಲ್ಲ. ಅಂಗಡಿ ಅವನ ಅತ್ತೆಯದು. ಕುರ್ಚಿ ಬಿಟ್ಟು ಎದ್ದಳು. ಅವನು ಕೂತ. ನಾನು ಸುಣ್ಣದ ಬ್ರಷ್ಷು ಹಿಡಿದುಕೊಂಡೇ ಹಿಂದೆ ಹೋಗಿ ನಿಂತೆ, ತಮಾಷೆ ಪುಕ್ಕಟೆ ಸಿಕ್ಕರೆ ಬಿಡುವ ಜಾತಿ ನನ್ನದಲ್ಲ.

“ನೋಡು ಇಲ್ಲಿ,” ಎಂದು ಅವನು ಪರದೆಗೆ ಬೆರಳು ಬಡಿದ. “ಒಂದ ಹೆಸರಿನ್ವು ಎರಡು ಡಿಎಲ್‌ಎಲ್ ಫೈಲ್ ಅದಾವ. ಒಂದು ಹಳೇ ಸಾಫ್ಟ್‌ವೇರಿನ ಮನ್ಯಾಗ, ಒಂದು ಹೊಸಾದರ ಮನ್ಯಾಗ. ಡುಪ್ಲಿಕೇಟ್!”

“ಇರ್ಲಿ ಬಿಡ್ರಿ ಸರ್. ಎರಡೂ ಛಂದ ನಡ್ಯಾಕತ್ತಾವ.”

“ನಡೀತಾವ, ಆದ್ರ ತ್ರಾಸ್ ಪಟ್ಟು ನಡೀತಾವ. ಇದಕ್ಕ ಶೇರ್ಡ್ ಲೈಬ್ರರಿ ಅಂತಾರ. ಶೇರ್ ಮಾಡ್ಲಿ ಅಂತನ ಇರೋದು. ಇಬ್ಬರಿಗೆ ಒಂದು ಸಾಕು.”

ಹೊಸದರ ಫೈಲನ್ನು ಅಳಿಸಿದ. ಹಳೆಯದನ್ನು ನಡುಮನೆಯಂಥ ಒಂದು ಜಾಗದಲ್ಲಿ ಇಟ್ಟು, ಎರಡೂ ಸಾಫ್ಟ್‌ವೇರಿಗೆ ಅಲ್ಲಿಂದಲೇ ತೆಗೆದುಕೊಳ್ಳಿರೆಂದು ದಾರಿ ಬರೆದ. ಆಮೇಲೆ ಕಸದ ಬುಟ್ಟಿಯನ್ನೂ ಖಾಲಿ ಮಾಡಿದ, ಮತ್ತೆ ಯಾರೂ ಹೆಕ್ಕಿಕೊಳ್ಳಬಾರದಲ್ಲ! ಇಷ್ಟು ಮಾಡಿ ಚಹಾ ಕೇಳಿದ. ಗುಲನಾಜ ಚಹಾ ತರಿಸಿದಳು. ಅದರಲ್ಲಿ ಸಕ್ಕರೆ ಕಡಿಮೆ ಎಂದು ಅದಕ್ಕೂ ಒಂದು ಮಾತು ಹೇಳಿ ಕುಡಿದ.

ನನಗೆ ಕಂಪ್ಯೂಟರ್ ತಿಳಿಯುವುದಿಲ್ಲ. ಆದರೆ ನನ್ನ ಊರು ನಿಂಬರ್ಗಾ. ಅಲ್ಲಿ ನಾಲ್ಕು ಮನೆಯವರು ಸೇರಿ ಒಂದೇ ಕೂರಿಗೆಯಲ್ಲಿ ಬಿತ್ತುವುದನ್ನು ಕಂಡವನು ನಾನು. ಹಂಚಿಕೊಳ್ಳುವುದು ಒಳ್ಳೆಯದೇ. ಹಾಗೆಂದು ಜೋಳದ ಕೂರಿಗೆಯೂ ಕೂರಿಗೆ, ತೊಗರಿಯ ಕೂರಿಗೆಯೂ ಕೂರಿಗೆ, ಎರಡು ಯಾಕೆ ಎಂದು ಒಂದನ್ನು ಒಲೆಗೆ ಹಾಕಿದವನನ್ನು ನಿಂಬರ್ಗಾದಲ್ಲಿ ನಾನು ನೋಡಿಲ್ಲ. ಅಂಥವನನ್ನು ನೋಡಲು ಜೇವರ್ಗಿಯ ಸರ್ ಬರಬೇಕಾಯಿತು.

ಪಾಡ್ಯ ಹೋಯಿತು, ಅಮರನಾಥ ಹೋಗಲಿಲ್ಲ. ಕಾರಣವಿತ್ತು. ಗುರುಬಾಯಿಯ ಸೊಸೆ ವಿಜಯಶ್ರೀಗೆ ಏಳನೆಯ ತಿಂಗಳು, ಮನೆಯಲ್ಲಿ ಕುಬಸ, ಅಂದರೆ ಬಸುರಿಗೆ ಹೊಸ ಕುಪ್ಪಸ ತೊಡಿಸಿ ಉಡಿ ತುಂಬುವ ಶಾಸ್ತ್ರ. ಅವಳ ತವರಾದ ಅಫಜಲಪುರದಿಂದ ಜೀಪು ತುಂಬಿಕೊಂಡು ಹೆಂಗಸರು ಬರುವವರಿದ್ದರು. ಬಸುರಿಗೆ ಹಸಿರು ಸೀರೆ, ಹಸಿರು ಬಳೆ, ಹಸಿರು ಕುಪ್ಪಸ. ಕುಪ್ಪಸದ ಬೆನ್ನಿಗೆ ಗಿಣಿ ಜೋಡಿ ಹೊಲಿಯುವ ಕೆಲಸ ಗುಲನಾಜಳ ಪಾಲಿಗೆ ಬಂದಿತ್ತು. ಅಂಥ ಮನೆಯ ಕುಬಸಕ್ಕೆ ಹೊಲಿದರೆ ಊರಿನ ಎಲ್ಲ ಕುಬಸಗಳೂ ತನ್ನ ಅಂಗಡಿಗೇ ಬರುತ್ತವೆ ಎಂದು ಹುಡುಗಿ ಹಿಗ್ಗಿದ್ದಳು.

ಹೊಸ ಸಾಫ್ಟ್‌ವೇರ್ ತೆರೆದಳು. ಏಳನೇ ನಂಬರಿನ ಡಿಸೈನು ಗಿಣಿ ಜೋಡಿ. ಪರದೆಯ ಮೇಲೆ ಗಿಣಿಗಳೇ ಕಂಡವು. ಪೆನ್ ಡ್ರೈವಿಗೆ ಹಾಕಿ ಮಷೀನಿಗೆ ಚುಚ್ಚಿ, ಅಷ್ಟರಲ್ಲಿ ಬಂದ ಗಿರಾಕಿಗಳಿಗೆ ಸೆರಗು ತೋರಿಸುತ್ತ ಹೊರಗಡೆ ನಿಂತಳು. ಮಷೀನು ಟಕಟಕ ಎಂದು ತನ್ನ ಪಾಡಿಗೆ ಹೊಲಿಯಿತು. ಅದು ನಿಲ್ಲುವುದಕ್ಕೂ ಗುರುಬಾಯಿ ಅಳಿಯನನ್ನು ಕರೆದುಕೊಂಡು ಬರುವುದಕ್ಕೂ ಸರಿಹೋಯಿತು.

“ಆತೇನ ಗುಲನಾಜ? ಕೊಡು, ನೋಡ್ತೇನಿ,” ಎಂದು ಗುರುಬಾಯಿ ಕುಪ್ಪಸ ಬಿಡಿಸಿ ಹಿಡಿದಳು.

ಬೆನ್ನಿನ ನಟ್ಟ ನಡುವೆ ಗೂಬೆ ಕೂತಿತ್ತು. ದುಂಡು ಕಣ್ಣಿನ ಗೂಬೆ, ಕಾಲಲ್ಲಿ ಒಂದು ಪುಸ್ತಕ. ಗಿಣಿಗೆಂದು ಹಾಕಿದ್ದ ಕೆಂಪು ದಾರದಲ್ಲಿ ಕೊಕ್ಕು ರಕ್ತ ಕುಡಿದ ಹಾಗೆ ಹೊಳೆಯುತ್ತಿತ್ತು.

ಅದು ಒಂದು ಇಂಗ್ಲಿಷ್ ಶಾಲೆಯ ಬ್ಯಾಡ್ಜಿನ ಗೂಬೆ. ಆ ಶಾಲೆಯವರಿಗೆ ಗೂಬೆ ಅಂದರೆ ಜ್ಞಾನವಂತೆ. ಎದೆಯ ಮೇಲೆ ಹೊತ್ತು ತಿರುಗಲಿ, ನನಗೇನು. ನಮ್ಮ ಮನೆಗಳಲ್ಲಿ ಗೂಬೆ ಮಾಳಿಗೆಯ ಮೇಲೆ ಕೂತರೆ ಕಲ್ಲು ಹೊಡೆದು ಓಡಿಸುತ್ತಾರೆ. ಅದನ್ನು ತುಂಬು ಬಸುರಿಯ ಬೆನ್ನಿಗೆ ಹೊಲಿದರೆ?

ಗುರುಬಾಯಿ ಕುಪ್ಪಸವನ್ನು ಮೈಯಿಂದ ದೂರ ಹಿಡಿದಳು. “ಯವ್ವಾ… ಗೂಗಿ! ನನ್ನ ಸೊಸಿ ಬೆನ್ನಿಗಿ ಗೂಗಿ ಹೊಲ್ದೇನ್ ಬೇ?”

“ಇಲ್ರೀ ಅವ್ವಾರ! ನಾ ಗಿಣೀನ ಹಾಕೀನ್ರಿ. ಅಲ್ಲಾನ ಆಣಿ, ಗಿಣೀನ ಹಾಕೀನಿ.”

“ಗಿಣಿ ಹಾಕಿದ್ರ ಗೂಗಿ ಹೆಂಗ್ ಬರ್ತದ?” ಎಂದ ಅಮರನಾಥ, ಗೊಂಚಲು ತಿರುಗಿಸುವುದನ್ನು ನಿಲ್ಲಿಸದೆ. “ಮಷೀನ್ ಸುಳ್ಳ ಹೇಳಂಗಿಲ್ಲ. ಮನಸ್ನ್ಯಾಗ ಏನಿತ್ತೋ ಏನೋ. ಬೇಕಂತ ಮಾಡ್ಯಾಳ ಅತ್ತೀ.”

ಆ ಮಾತಿನ ಹೊಲಸು ನೋಡಿ. ತಪ್ಪು ಎಂದಿದ್ದರೆ ತಿದ್ದಬಹುದಿತ್ತು. ಬೇಕಂತ ಎಂದ. ಓಣಿಯಲ್ಲಿ ಅಷ್ಟು ಹೊತ್ತಿಗೆ ನಾಲ್ಕು ಜನ ಸೇರಿದ್ದರು. ಅವರು ಒಬ್ಬರ ಮುಖ ಒಬ್ಬರು ನೋಡಿಕೊಂಡರು. ಆ ನೋಟ ಊರೆಲ್ಲ ಸುತ್ತಿ ಬರಲು ಎಷ್ಟು ಹೊತ್ತು ಬೇಕು? ಬಸುರಿಗೆ ಕೆಟ್ಟದ್ದು ಬಯಸಿದವಳೆಂದು ಹೆಸರು ಬಿದ್ದ ಹೆಣ್ಣಿನ ಕೈಗೆ ಮುಂದೆ ಯಾರು ಬಟ್ಟೆ ಕೊಡುತ್ತಾರೆ?

“ಕುಬಸ ಮುಗೀಲಿ,” ಎಂದಳು ಗುರುಬಾಯಿ. “ಅಂಗಡಿ ಖಾಲಿ ಮಾಡು.”

ಗುಲನಾಜ ಅಳಲಿಲ್ಲ. ಅತ್ತಿದ್ದರೆ ನಾನು ಒಳಗೆ ಹೋಗಿ ಕೂಡುತ್ತಿದ್ದೆನೇನೋ. ಅವಳು ಕುರ್ಚಿಯನ್ನು ಅಮರನಾಥನ ಕಡೆ ದೂಡಿದಳು.

“ಕುಂದರ್ರಿ ಸರ್. ನೀವ ಗಿಣಿ ಆರಿಸ್ರಿ, ನೀವ ಹೊಲೀರಿ. ನಾ ಮುಟ್ಟಂಗಿಲ್ಲ.”

“ನನಗೇನ್ ಗರಜ?”

ನನ್ನ ಬಾಯಿ ಸುಮ್ಮನಿರಲಿಲ್ಲ. “ಯಾಕ್ರೀ ಸರ್, ಹೆದ್ರಿದ್ರ್ಯಾ? ನೀವ ತೊಳ್ದಿರೋ ಕಂಪ್ಯೂಟರ್ ಅದು. ಹೊಳಿಯಾಕತ್ತಿರಬೇಕಲ್ಲ!”

ಸೇರಿದ ಜನ ಕಿಸಕ್ಕೆಂದರು. ಇನ್ನು ಅವನು ಕೂಡಲೇಬೇಕಾಯಿತು. ಬಟ್ಟೆ? ಅತ್ತೆ ಹಬ್ಬಕ್ಕೆ ಉಡುಗೊರೆ ಕೊಟ್ಟ ಬಿಳಿ ಶಲ್ಯ ಅವನ ಹೆಗಲ ಮೇಲಿತ್ತು. ಅದನ್ನೇ ಮಷೀನಿನ ಚೌಕಟ್ಟಿಗೆ ಬಿಗಿದ. ಎಲ್ಲರಿಗೂ ಕಾಣುವಂತೆ ಏಳನೇ ನಂಬರ್ ಆರಿಸಿದ. “ನೋಡ್ರಿ ಅತ್ತೀ, ಗಿಣಿ. ಕಾಣ್ತದಿಲ್ಲ?” ಎಂದು ಪರದೆ ತೋರಿಸಿದ. ತನ್ನದೇ ಗೊಂಚಲಿನ ಪೆನ್ ಡ್ರೈವ್ ತೆಗೆದು, ಅದರಲ್ಲಿ ಹಾಕಿ ಚುಚ್ಚಿದ.

ಸೂಜಿ ಓಡಿತು. ಮೊದಲು ಒಂದು ದುಂಡು ಕಣ್ಣು. ಆಮೇಲೆ ಇನ್ನೊಂದು. ಗಿಣಿಗೆ ಎದುರಿಗೆ ಎರಡು ಕಣ್ಣು ಯಾಕೆ ಎಂದು ಗುಂಪಿನಲ್ಲಿ ಯಾರೋ ಕೇಳಿದರು. ಉತ್ತರವಾಗಿ ಕಿವಿ ಬಂತು, ಕೊಕ್ಕು ಬಂತು, ಪುಸ್ತಕವೂ ಬಂತು. ಜೇವರ್ಗಿ ಸರ್ ಅವರ ಶಲ್ಯದ ಮೇಲೆ ಶಾಲೆಯ ಗೂಬೆ ಬಂದು ಆರಾಮಾಗಿ ಕೂತಿತು.

“ಮಷೀನ್ ಸುಳ್ಳ ಹೇಳಂಗಿಲ್ಲಲ್ರೀ ಸರ್?” ಎಂದೆ.

“ವೈರಸ್,” ಎಂದ.

ಗುಲನಾಜ ಅಷ್ಟರಲ್ಲಿ ಸೋಲಾಪುರಕ್ಕೆ ಫೋನು ಹಚ್ಚಿದ್ದಳು. ಸಾಫ್ಟ್‌ವೇರ್ ಕೊಟ್ಟ ಕಡೆ ಕೆಲಸ ಮಾಡುವ ಕಲ್ಯಾಣಕುಮಾರ ಎಂಬವನು ಎತ್ತಿದ. ಎಲ್ಲರಿಗೂ ಕೇಳಲೆಂದು ಫೋನನ್ನು ಸ್ಪೀಕರಿಗೆ ಹಾಕಿ ಮಷೀನಿನ ಮೇಲಿಟ್ಟಳು. ನಡೆದದ್ದನ್ನು ಹೇಳಿದಳು.

“ಒಂದ ಹೆಸರಿಂದು ಫೈಲ್ ಯಾರರ ತೆಗದಾರೇನ್ರೀ?” ಎಂದು ಕೇಳಿತು ಫೋನು.

ಅಮರನಾಥ ಗಂಟಲು ಸರಿಮಾಡಿಕೊಂಡ. “ಡುಪ್ಲಿಕೇಟ್ ಇತ್ತು, ನಾ ತೆಗದೇನಿ. ನಾನೂ ಕಂಪ್ಯೂಟರ್ ಲೈನಿನಾಗ ಇರಾಂವ. ಜೇವರ್ಗಿ.”

“ಹೌದೇನ್ರೀ? ನಾ ಕೊಳಕೂರದಾಂವ. ನಿಮ್ಮ ತಾಲೂಕ. ಯಾಕ್ರೀ ಸರ್ ನಮ್ಮ ಕಡೀದ ಮಾನ ಸೋಲಾಪುರ ತನಕ ಕಳೀತೀರಿ?” ಎಂದು ಫೋನು ನಕ್ಕಿತು. “ಅದು ಡುಪ್ಲಿಕೇಟ್ ಅಲ್ರೀ. ಸಾಫ್ಟ್‌ವೇರ್ ಎದ್ದ ಕೂಡ್ಲೇ ಆ ಫೈಲಿಗಿ ಕೇಳ್ತದ, ನನ್ನ ಡಿಸೈನ್ ಯಾ ಖೋಲ್ಯಾಗ ಅದಾವ, ನನ್ನ ಸಾಮಾನ್ ಎಲ್ಲಿ ಅದಾವ ಅಂತ. ಫೈಲ್ ವಿಳಾಸ ಹೇಳ್ತದ. ಎನ್ವಿರಾನ್‌ಮೆಂಟ್ ವೇರಿಯಬಲ್ ಅಂದ್ರ ಅದ ವಿಳಾಸ. ಎರಡೂ ಫೈಲಿನ ಹೆಸರು ಒಂದ, ಹೇಳೋ ವಿಳಾಸ ಬ್ಯಾರೆ ಬ್ಯಾರೆ. ನೀವು ಹೊಸಾದರದು ಅಳಿಸೀರಿ. ಈಗ ಹೊಸಾದು ಬಂದು ಹಳೇದಕ್ಕ ಕೇಳ್ತದ. ಅದು ತನಗ ಗೊತ್ತಿರೋ ಬ್ಯಾಡ್ಜಿನ ಖೋಲಿ ತೋರಸ್ತದ. ಪರದೆ ಮ್ಯಾಲಿನ ಚಿತ್ರ ಬ್ಯಾರೆ ಕಡಿಂದ ಬರ್ತದ, ಅದಕ್ಕ ಗಿಣಿ ಕಾಣ್ತದ. ಹೊಲ್ಯಾಕ ಮಾತ್ರ ಬ್ಯಾಡ್ಜಿನ ಖೋಲ್ಯಾಗಿನ ಏಳನೇ ನಂಬರ್ ಬರ್ತದ. ಅಲ್ಲಿ ಏಳು ಅಂದ್ರ ಗೂಗಿ.”

ಗುರುಬಾಯಿ ಇಷ್ಟೂ ಹೊತ್ತು ಬಾಗಿ ಫೋನಿಗೆ ಕಿವಿ ಕೊಟ್ಟಿದ್ದಳು. ಓದಿದವಳಲ್ಲ, ಆದರೆ ದೊಡ್ಡ ಮನೆ ನಡೆಸಿದವಳು.

“ತಿಳೀತ್ ಬಿಡಪ್ಪಾ,” ಎಂದಳು. ಆಮೇಲೆ ಅಳಿಯನ ಕಡೆ ತಿರುಗಿದಳು. “ನಮ್ಮ ಯಜಮಾನ್ರ ಹೆಸರ ನಿಮ್ಮ ಮಗನಿಗಿ ಇಟ್ಟೀರಿ. ಹಬ್ಬಕ್ಕ ಮನ್ಯಾಗ ಇಬ್ಬರು ಶಿವರಾಯ ಅದಾರ. ಡುಪ್ಲಿಕೇಟ್ ಅಂತ ಯಾರಿಗಿ ತೆಗೀತೀರಿ ಅಳಿಯಂದ್ರ?”

ಓಣಿ ಹೊಟ್ಟೆ ಹಿಡಿದುಕೊಂಡು ನಕ್ಕಿತು. ಇಲ್ಲಿಗೆ ಮುಗಿಯಿತು ಎಂದುಕೊಂಡೆ. ನನ್ನ ಬುದ್ಧಿಗಿಷ್ಟು ಬೆಂಕಿ ಹಾಕಲಿ. ಗುರುಬಾಯಿಗೆ ತಾನು ಆಡಿದ್ದು ಏನೆಂದು ಮರುಗಳಿಗೆಗೇ ಅರಿವಾಯಿತು. ಅಳಿಯನ ಮುಖ ಕಪ್ಪಿಟ್ಟಿತ್ತು. ನಕ್ಕವರನ್ನು ಗದರಿಸಿ ಕಳಿಸಿದಳು. ಆಮೇಲೆ ದನಿ ತಗ್ಗಿಸಿದಳು.

“ಆಗಿದ್ದು ಆತು. ಅಂಗಡಿ ಬಿಡೋದು ಬ್ಯಾಡ ಗುಲನಾಜ. ಹೊಸಾದು ಹೊಲ್ದು ಕೊಡು. ನಾಳಿ ಅಫಜಲಪುರದ ಬೀಗರು ಬರ್ತಾರ, ಕೇಳಿದ್ರ ಹುಡುಗಿ ಕೈತಪ್ಪು, ತಿದ್ದಿ ಕೊಟ್ಟಳು ಅಂತೇವಿ. ಅಳಿಯಂದ್ರ ಹೆಸರು ಬರೋದು ಬ್ಯಾಡ. ದತ್ತಪ್ಪಾ, ನಿನಗೂ ಹೇಳಾಕತ್ತೇನಿ. ಹೊರಗ ಆಡಬ್ಯಾಡ.”

ಗುಲನಾಜ ಹೇಳಿದಳು: “ಗಿಣಿ ಹೊಲ್ದು ಕೊಡ್ತೀನ್ರೀ ಅವ್ವಾರ. ಆದ್ರ ಗೂಗಿ ನಂದಲ್ಲ. ನಂದು ಅಂತ ನನ್ನ ಬಾಯ್ಲೆ ಬರಂಗಿಲ್ಲ.”

“ನೀ ಸುಮ್ಮನಿದ್ರ ಸಾಕು,” ಎಂದು ಗುರುಬಾಯಿ ಹೋದಳು. ನೋಡಿ ಹೇಗಿದೆ ದೊಡ್ಡವರ ನ್ಯಾಯ! ಅಂಗಡಿ ಉಳಿಯಿತು, ಕೆಟ್ಟ ಹೆಸರೂ ಅಂಗಡಿಯಲ್ಲೇ ಉಳಿಯಿತು. ಬೇಕಂತ ಮಾಡಿದಳು ಎಂಬ ಮಾತು ಆಗಲೇ ತರಕಾರಿ ಬಜಾರು ದಾಟಿತ್ತು. ಕೈತಪ್ಪು ಎಂದರೆ ನಂಬುವವರು ಯಾರು?

ಕಲ್ಯಾಣಕುಮಾರ ಸೋಲಾಪುರದಿಂದಲೇ ಕಂಪ್ಯೂಟರಿನ ಒಳಗೆ ಬಂದು, ಕಳೆದ ಫೈಲನ್ನು ಅದರ ಮನೆಯಲ್ಲಿ ಇಟ್ಟು, ನಡುಮನೆಯಲ್ಲಿದ್ದದ್ದನ್ನು ಹಳೆಯ ಜಾಗಕ್ಕೆ ಕಳಿಸಿ ಹೋದ. ಮೌಸಿನ ಬಾಣ ತಾನೇ ಪರದೆಯ ಮೇಲೆ ಓಡಾಡುವುದನ್ನು ನಾನು ನೋಡಿದೆ. ಗಿಣಿಗಳು ಬಂದವು, ಚಂದ ಬಂದವು.

ಹೊರಗೆ ಆಡಬೇಡ ಎಂದಿದ್ದಳು ಗುರುಬಾಯಿ. ನಾನು ಹೊರಗೆ ಆಡಲಿಲ್ಲ. ಮನೆಗೆ ಹೋಗಿ ಹೆಂಡತಿ ಸಾಬವ್ವನಿಗೆ ಹೇಳಿದೆ. ಹೆಂಡತಿ ಹೊರಗಿನವಳೇನು? ಸಾಬವ್ವ ಮರುದಿನ ಕುಬಸದ ಅಡುಗೆಗೆ ಕೈಜೋಡಿಸಲು ಗುರುಬಾಯಿಯ ಮನೆಗೆ ಹೋದವಳು, ವಿಜಯಶ್ರೀಯ ಜಡೆಗೆ ಹೂ ಮುಡಿಸುತ್ತ ಕೂತಳು. ಹೂ ಮುಡಿಸುವಾಗ ಸುಮ್ಮನೆ ಕೂಡಲು ಆಗುತ್ತದೆಯೇ?

ಕುಬಸದ ಮನೆಯಲ್ಲಿ ಗಂಡಸರು ಪಡಸಾಲೆಯಲ್ಲಿ, ಹೆಂಗಸರು ಒಳಗೆ. ಬಾಗಿಲು ತೆರೆದೇ ಇತ್ತು. ಅಮರನಾಥ ನಮಗೆಲ್ಲ ಮುಂದೆ ಗಾದಿಯ ಮೇಲೆ ಕೂತು, ತೊಗರಿ ವ್ಯಾಪಾರಿಯೊಬ್ಬನಿಗೆ ಕ್ಲೌಡ್ ಎಂದರೇನು ಎಂದು ತಿಳಿಹೇಳುತ್ತಿದ್ದ. ಗುಲನಾಜ ಕುಪ್ಪಸ ಕೊಡಲೆಂದು ಬಂದವಳು ಹೊಸ್ತಿಲ ಬಳಿ ನಿಂತಿದ್ದಳು. ಒಳಗಿನಿಂದ ಅಫಜಲಪುರದ ಚಿಗವ್ವ ಒಬ್ಬಳ ಮಾತು ಕೇಳಿಸಿತು.

“ಗೂಗಿ ಹೊಲ್ದಾಕಿ ಈಕೀನೇನ? ಆಕಿ ಕೈಲೆ ಕುಬಸ ಬ್ಯಾಡವ್ವಾ. ಬ್ಯಾರೆ ಖಣ ತೊಡಸ್ರಿ.”

ಕೈತಪ್ಪು ಎನ್ನಬೇಕಾಗಿದ್ದ ಗುರುಬಾಯಿ ಆರತಿ ತಟ್ಟೆ ಜೋಡಿಸತೊಡಗಿದಳು. ಗುಲನಾಜಳ ಕುತ್ತಿಗೆ ಬಾಗಿತು. ಗಿಣಿಯ ಕುಪ್ಪಸವನ್ನು ಎದೆಗೆ ಒತ್ತಿಕೊಂಡು ತಿರುಗಿ ಹೊರಟಳು.

“ತಡೀ ಗುಲನಾಜ,” ಎಂದಳು ವಿಜಯಶ್ರೀ, ಮಣೆಯ ಮೇಲಿಂದ. “ಚಿಗವ್ವಾ, ಉಡಿ ತುಂಬೋ ಮೊದ್ಲ ಬಯಕಿ ಏನು ಅಂತ ಕೇಳ್ಬೇಕಲ್ಲ? ಯಾರೂ ಕೇಳವಲ್ರಿ.”

ಹೆಂಗಸರು ನಕ್ಕರು. “ಕೇಳವ್ವಾ ನಮ್ಮವ್ವಾ. ಏನ್ ಬೇಕು? ಹುಣಸಿಕಾಯಿ? ಕರದಂಟು?”

“ನನಗ ಒಂದು ಮಾತು ಕೇಳೋ ಬಯಕಿ ಆಗ್ಯದ. ಗೂಗಿ ಹೆಂಗ್ ಬಂತು ಅಂತ ಅಮರನಾಥ ಅಣ್ಣಾರ ಬಾಯ್ಲೆ ಕೇಳ್ಬೇಕು. ಇಲ್ಲೇ, ಎಲ್ಲಾರ ಎದುರಿಗಿ.”

ಪಡಸಾಲೆಯಲ್ಲಿ ಕ್ಲೌಡ್ ಅರ್ಧಕ್ಕೆ ನಿಂತಿತು.

ಬಸುರಿಯ ಬಯಕೆ ತೀರಿಸದಿದ್ದರೆ ಹುಟ್ಟುವ ಕೂಸಿಗೆ ಕಿವಿ ಸೋರುತ್ತದೆ ಎಂದು ನಮ್ಮ ಹೆಂಗಸರ ನಂಬಿಕೆ. ಕಬ್ಬು ಕೇಳಿದರೆ ಕಬ್ಬು, ಸುಟ್ಟ ಮಣ್ಣು ಕೇಳಿದರೆ ಸುಟ್ಟ ಮಣ್ಣು. ಅದೂ ಕುಬಸದ ಮಣೆಯ ಮೇಲೆ ಕೂತು ಕೇಳಿದ್ದು! ಒಂದು ಕಡೆ ಅಳಿಯನ ಮಾನ, ಇನ್ನೊಂದು ಕಡೆ ಮೊಮ್ಮಗುವಿನ ಕಿವಿ. ಗುರುಬಾಯಿ ಬಾಗಿಲಿಗೆ ಬಂದಳು. ಸೆರಗು ತಲೆಯ ಮೇಲೆ ಎಳೆದುಕೊಂಡು, ಅಳಿಯನ ಮುಖ ನೋಡದೆ ಹೇಳಿದಳು.

“ಅಳಿಯಂದ್ರ, ಬರ್ರಿ. ಕೂಸಿನ ಬಯಕಿ ಅದ.”

ಅಮರನಾಥ ಎದ್ದ. ಗೊಂಚಲು ಜೇಬಿಗೆ ಹೋಯಿತು. ಹೊಸ್ತಿಲಲ್ಲಿ ನಿಂತು ಶುರು ಮಾಡಿದ. “ಅದು ಏನಂದ್ರ… ಲೈಬ್ರರಿ ವರ್ಶನ್ ಕಾನ್‌ಫ್ಲಿಕ್ಟ್ ಆಗಿ, ಪಾಥ್ ವೇರಿಯಬಲ್ ರಿಸಾಲ್ವ್ ಆಗೋ ಮುಂದ…”

“ಏನಂತ ಇದು, ಮಂತ್ರ?” ಎಂದಳು ಅಫಜಲಪುರದ ಚಿಗವ್ವ.

“ಕನ್ನಡದಾಗ ಹೇಳ್ರಿ ಅಣ್ಣಾರ,” ಎಂದಳು ವಿಜಯಶ್ರೀ. ದನಿ ಬಲು ಮೆತ್ತಗಿತ್ತು. “ಒಳಗ ಕೂಸಿಗಿ ತಿಳೀಬೇಕು.”

ಅವನು ಅತ್ತೆಯನ್ನು ನೋಡಿದ, ಅತ್ತೆ ಗೋಡೆ ನೋಡಿದಳು. ಹೆಂಡತಿಯನ್ನು ನೋಡಿದ, ಅವಳು ಬಳೆ ಎಣಿಸತೊಡಗಿದಳು. ಕೊನೆಗೆ ನೆಲಕ್ಕೆ ಹೇಳಿದ.

“ಆಕಿ ಕಂಪ್ಯೂಟರಿನಾಗಿಂದು ಒಂದು ಫೈಲ್ ನಾ ತೆಗದ್ನಿ. ಅದಕ್ಕ ಗೂಗಿ ಬಂತು.”

“ಗುಲನಾಜಂದು?”

“…ಆಕೀದು ತಪ್ಪಿಲ್ಲ.”

“ಬೇಕಂತ ಮಾಡ್ಯಾಳ ಅಂದಿದ್ರಿ?”

“ಅದೂ ನಾನ ಅಂದಿದ್ನಿ. ಸುಳ್ಳು.”

“ಬಯಕಿ ತೀರ್ತು,” ಎಂದಳು ವಿಜಯಶ್ರೀ. “ಬಾರವ್ವಾ ಗುಲನಾಜ, ಹೊರಗ ಯಾಕ್ ನಿಂತಿ? ಕುಬಸ ನಿನ್ನ ಕೈಲೇನ ತೊಡಸು.”

ಅಫಜಲಪುರದ ಚಿಗವ್ವ ಸರಿದು ಜಾಗ ಕೊಟ್ಟಳು. ಗಿಣಿಯ ಮೇಲೆ ಕೈಯಾಡಿಸಿ, ತನ್ನ ಮಗಳಿಗೂ ಮಾಘದಲ್ಲಿ ಕುಬಸ ಇದೆ, ಇಂಥದೇ ಹೊಲಿದು ಕೊಡುತ್ತೀಯಾ ಎಂದು ಅಲ್ಲೇ ಕೇಳಿದಳು. ಹೊಲಿದು ಕೊಡುತ್ತೇನೆ ಎಂದಳು ಗುಲನಾಜ. ಅಮರನಾಥ ಊಟಕ್ಕೂ ಕೂಡದೆ ಜೇವರ್ಗಿಯ ಬಸ್ಸು ಹಿಡಿಯಲು ಹೊರಟ. ಯಾರೂ ತಡೆಯಲಿಲ್ಲ. ಅವನ ಪಾಲಿನ ಹೋಳಿಗೆ ನನ್ನ ಎಲೆಗೆ ಬಿತ್ತು, ತುಪ್ಪ ಹಾಕಿಸಿಕೊಂಡು ತಿಂದೆ.